ನಿಮ್ಮ ಕಲ್ಪನೆಯ ಲೋಕಕ್ಕೊಂದು ನಿಗೂಢ ಬೆಳಕು ಕಟ್ಟುವುದು ಹೇಗೆ?

ನನ್ನ ಮೊದಲ ಫ್ಯಾಂಟಸಿ ಕಥೆಯಲ್ಲಿ ಒಂದು ನೀಲಿ ಬೆಳಕಿತ್ತು. ನಾಯಕಿಗೆ ಕಷ್ಟ ಬಂದಾಗಲೆಲ್ಲ ಕಾಡಿನ ನಡುವೆ ಕಾಣಿಸಿಕೊಳ್ಳುತ್ತಿತ್ತು, ದಾರಿ ತೋರಿಸುತ್ತಿತ್ತು, ಆಮೇಲೆ ಮಾಯ. ಬರೆಯುವಾಗ ನನಗೇ ಮೈ ಜುಮ್ಮೆಂದಿತ್ತು. ಓದಿದ ಗೆಳತಿ ಒಂದೇ ಒಂದು ಪ್ರಶ್ನೆ ಕೇಳಿದಳು: "ಹಗಲಲ್ಲಿ ಅದು ಎಲ್ಲಿರುತ್ತೆ?"

ನನ್ನ ಹತ್ತಿರ ಉತ್ತರ ಇರಲಿಲ್ಲ. "ಅದು ನಿಗೂಢ ಕಣೇ" ಅಂದೆ. "ನಿಗೂಢ ಅಲ್ಲ, ನೀನು ಯೋಚನೆ ಮಾಡಿಲ್ಲ ಅಷ್ಟೇ" ಅಂದಳು. ಸಿಟ್ಟು ಬಂತು, ಎರಡು ದಿನ ಮಾತಾಡಲಿಲ್ಲ. ಆದರೆ ಅವಳು ಹೇಳಿದ್ದು ಸರಿಯಾಗಿಯೇ ಇತ್ತು. ನನ್ನ ಬೆಳಕಿಗೆ ನನ್ನ ಅನುಕೂಲ ಬಿಟ್ಟು ಬೇರೆ ನಿಯಮವೇ ಇರಲಿಲ್ಲ. ಕಥೆಗೆ ಬೇಕಾದಾಗ ಬರುತ್ತಿತ್ತು, ಬೇಡವಾದಾಗ ಹೋಗುತ್ತಿತ್ತು.

ಆಮೇಲೆ ನಿಜವಾದ ವಿಚಿತ್ರ ಬೆಳಕುಗಳ ಬಗ್ಗೆ ಓದುತ್ತಾ ಹೋದೆ. ಆಗ ಒಂದು ವಿಷಯ ತಲೆಗೆ ಹೋಯಿತು. ಅವು ನಮ್ಮನ್ನು ಕಾಡುವುದು ಅಸ್ಪಷ್ಟವಾಗಿರುವುದರಿಂದಲ್ಲ. ಅವುಗಳ ನಡವಳಿಕೆ ತೀರಾ ಖಚಿತ, ತೀರಾ ಹಟಮಾರಿ. ಕಾರಣ ಮಾತ್ರ ಕೈಗೆ ಸಿಗುವುದಿಲ್ಲ. ನಿಮ್ಮ ಲೋಕದ ಬೆಳಕನ್ನೂ ಹಾಗೆಯೇ ಕಟ್ಟಬೇಕು.

ಮೊದಲು ಅದು ಏನು ಮಾಡುತ್ತದೆ ಅಂತ ಬರೆದಿಡಿ

ಬೆಳಕು "ಏನು" ಅಂತ ತಲೆ ಕೆಡಿಸಿಕೊಳ್ಳುವುದು ಆಮೇಲಿರಲಿ. ಒಂದು ಹಾಳೆ ತಗೊಳ್ಳಿ. ಎಲ್ಲಿ ಕಾಣುತ್ತದೆ, ಎಲ್ಲಿ ಕಾಣುವುದೇ ಇಲ್ಲ? ಯಾವ ಹೊತ್ತಿನಲ್ಲಿ, ಎಷ್ಟು ಹೊತ್ತು? ಬಿಸಿಯೋ, ತಣ್ಣಗೋ? ಸದ್ದು ಇದೆಯಾ, ವಾಸನೆ ಇದೆಯಾ? ಗಾಳಿ ಬೀಸಿದರೆ ಅಲುಗುತ್ತದಾ? ಮಳೆ ಬಂದರೆ? ನಾಯಿ ಅದನ್ನು ನೋಡಿ ಬೊಗಳುತ್ತದಾ, ಅಥವಾ ಅದಕ್ಕೆ ಕಾಣುವುದೇ ಇಲ್ಲವಾ? ಕೊನೆಯ ಪ್ರಶ್ನೆ ತಮಾಷೆಗೆ ಅಂದುಕೊಳ್ಳಬೇಡಿ. ಪ್ರಾಣಿಗಳ ನಡವಳಿಕೆಯನ್ನು ಒಂದು ಸಾಲಿನಲ್ಲಿ ಹೇಳಿದರೂ ಓದುಗರು ಆ ಬೆಳಕನ್ನು ನಂಬಿಬಿಡುತ್ತಾರೆ.

ನಾರ್ವೆಯ ಹೆಸ್ದಾಲೆನ್ ಕಣಿವೆಯನ್ನೇ ನೋಡಿ. 1981ರ ಕೊನೆಯಿಂದ 1984ರವರೆಗೆ ಅಲ್ಲಿ ಕೆಲವು ವಾರ 15-20 ಸಲ ಬೆಳಕಿನ ಉಂಡೆಗಳು ಕಂಡವು. ಕೆಲವು ನಿಂತಲ್ಲೇ ನಿಂತಿದ್ದವು, ಕೆಲವು ತೇಲಿಕೊಂಡು ಹೋದವು. 1983ರಲ್ಲಿ ಅವುಗಳ ಅಧ್ಯಯನಕ್ಕೆ ಅಂತಲೇ ಒಂದು ಯೋಜನೆ ಶುರುವಾಯಿತು, 1998ರಲ್ಲಿ ತಾನೇ ಕಾದು ಚಿತ್ರ ತೆಗೆಯುವ ಕೇಂದ್ರವೂ ಬಂತು. ಕ್ಯಾಮೆರಾ ಇಟ್ಟರು, ರೇಡಾರ್ ಇಟ್ಟರು, ವರ್ಷಗಟ್ಟಲೆ ಲೆಕ್ಕ ಬರೆದರು. ಎಲ್ಲರೂ ಒಪ್ಪುವ ಒಂದು ವಿವರಣೆ ಮಾತ್ರ ಇನ್ನೂ ಸಿಕ್ಕಿಲ್ಲ. ಅಳತೆ ಜಾಸ್ತಿಯಾದಷ್ಟೂ ಅಲ್ಲಿನ ನಿಗೂಢ ಕಮ್ಮಿಯಾಗಲಿಲ್ಲ, ಜಾಸ್ತಿಯೇ ಆಯಿತು. ನಿಮ್ಮ ಕಥೆಯಲ್ಲೂ ಒಬ್ಬ ಪಾತ್ರ ರಾತ್ರಿಯಿಡೀ ಕೂತು ಲೆಕ್ಕ ಬರೆಯಲಿ. ಆ ಲೆಕ್ಕ ಕರಾರುವಾಕ್ಕಾಗಿರಲಿ. ಓದುಗರು ಹೆದರುವುದು ಆಗಲೇ.

ಈ ಬರಹದುದ್ದಕ್ಕೂ ಒಂದು ಉದಾಹರಣೆ ಇಟ್ಟುಕೊಳ್ಳೋಣ. ನನ್ನ ಈಗಿನ ಕಥೆಯದ್ದು. ಒಂದು ದೊಡ್ಡ ಉಪ್ಪಿನ ಕೆರೆ, ವರ್ಷದಲ್ಲಿ ಏಳು ತಿಂಗಳು ಒಣಗಿರುತ್ತದೆ. ಮೇಲೆ ಉಪ್ಪಿನ ಹಕ್ಕಳೆ ಕಟ್ಟಿರುತ್ತದೆ, ಕೆಳಗೆ ಒದ್ದೆ ಕೆಸರು. ಕತ್ತಲಲ್ಲಿ ಅದರ ಮೇಲೆ ಯಾರಾದರೂ ನಡೆದರೆ ಹೆಜ್ಜೆ ಬಿದ್ದಲ್ಲೆಲ್ಲ ತಿಳಿಹಸಿರು ಬೆಳಕು ಹತ್ತಿಕೊಳ್ಳುತ್ತದೆ, ಬೆಳಗಿನ ಜಾವದವರೆಗೂ ಉರಿಯುತ್ತದೆ. ಸುತ್ತಲಿನ ಜನ ಅದನ್ನು "ಅಜ್ಜಿಸೊಡರು" ಅನ್ನುತ್ತಾರೆ. ಸದ್ಯಕ್ಕೆ ಇಷ್ಟು ಸಾಕು.

ಬೀಜ ನಿಜದಿಂದ ತಗೊಳ್ಳಿ

ಪೂರ್ತಿ ಗಾಳಿಯಲ್ಲಿ ಕಟ್ಟಿದ ಬೆಳಕು ಬೇಗ ಸೋರಿಹೋಗುತ್ತದೆ. ನಿಜವಾದ ಒಂದು ಬೆಳಕಿನ ಸ್ವಭಾವವನ್ನು ಎತ್ತಿಕೊಂಡು ಅದನ್ನು ಒಂದು ಕಡೆ ಮಾತ್ರ ತಿರುಚಿ. ಎರಡು ಕಡೆ ತಿರುಚಿದರೆ ಹಿಡಿತ ತಪ್ಪುತ್ತದೆ, ನಾನು ಮಾಡಿ ನೋಡಿದ್ದೇನೆ.

ಜೀವಂತ ಬೆಳಕು ನನಗೆ ಎಲ್ಲಕ್ಕಿಂತ ಇಷ್ಟ. ಮಿಂಚುಹುಳುವಿನೊಳಗೆ ಲೂಸಿಫೆರಿನ್ ಅನ್ನುವ ವಸ್ತು ಆಮ್ಲಜನಕದ ಜೊತೆ ಸೇರಿದಾಗ ಬೆಳಕು ಹುಟ್ಟುತ್ತದೆ, ಲೂಸಿಫೆರೇಸ್ ಅನ್ನುವ ಕಿಣ್ವ ಆ ಕೆಲಸ ಮಾಡಿಸುತ್ತದೆ. ಶಾಖ ಇಲ್ಲವೇ ಇಲ್ಲ ಅನ್ನುವಷ್ಟು ಕಮ್ಮಿ. ಕೊಳೆತ ಮರದ ಮೇಲೆ ಬೆಳೆಯುವ ಕೆಲವು ಅಣಬೆಗಳೂ ಹಸಿರಾಗಿ ಹೊಳೆಯುತ್ತವೆ. 1775ರ ಸುಮಾರಿಗೆ ಅಮೆರಿಕದ ಡೇವಿಡ್ ಬುಶ್ನೆಲ್ 'ಟರ್ಟಲ್' ಅನ್ನುವ ಪುಟ್ಟ ಜಲಾಂತರ್ಗಾಮಿ ಕಟ್ಟಿದಾಗ, ಒಳಗೆ ದೀಪ ಹಚ್ಚಿದರೆ ಇರುವ ಗಾಳಿಯೂ ಖಾಲಿಯಾಗುತ್ತದೆ ಅಂತ ದಿಕ್ಸೂಚಿ ಕಾಣಲು ಇದೇ ಹೊಳೆಯುವ ಮರದ ಚೂರು ಬಳಸಿದ. ಚಳಿ ಬಿದ್ದಾಗ ಅದು ಕೈಕೊಟ್ಟಿತು. ಆ ಚಳಿಯ ವಿಷಯ ಓದಿ ಕುಣಿದಾಡಿಬಿಟ್ಟಿದ್ದೆ ನಾನು. ಕಥೆಗೆ ಬೇಕಾಗಿರುವುದು ಇಂಥದ್ದೇ: ಬೆಳಕು ಇದೆ, ಆದರೆ ಚಳಿಗಾಲದಲ್ಲಿ, ನಿಮಗೆ ತೀರಾ ಬೇಕಾದಾಗಲೇ ಇಲ್ಲ.

ಸಮುದ್ರದ್ದು ಇನ್ನೂ ದೊಡ್ಡ ಕಥೆ. ಅಲೆ ಒಡೆದಾಗ ಮಿಣಕ್ ಅನ್ನುವ ನೀಲಿ ಬೆಳಕನ್ನು ನೀವು ಚಿತ್ರದಲ್ಲಿ ನೋಡಿರಬಹುದು. ಅದು ಕದಡಿದಾಗ ಮಾತ್ರ ಹೊಳೆಯುವ ಸೂಕ್ಷ್ಮಜೀವಿಗಳದ್ದು. ಆದರೆ ಹಾಲುಗಡಲು ಅಂತ ಇನ್ನೊಂದಿದೆ. ಅದು ಮಿನುಗುವುದಿಲ್ಲ. ದಿಗಂತದವರೆಗೂ ಒಂದೇ ಸಮ, ಬಿಳಿಚಿದ ಬೆಳಕು, ರಾತ್ರಿಯಿಡೀ. 1995ರಲ್ಲಿ ಸೋಮಾಲಿಯಾದ ಹತ್ತಿರ ಒಂದು ಹಡಗು ಇದರೊಳಗೆ ಹೊಕ್ಕಿತ್ತು. ಹತ್ತು ವರ್ಷದ ಮೇಲೆ ವಿಜ್ಞಾನಿಗಳು ಹಳೆಯ ಉಪಗ್ರಹ ಚಿತ್ರ ತೆಗೆದು ನೋಡಿದರೆ ಸುಮಾರು 15,400 ಚದರ ಕಿಲೋಮೀಟರ್ ಸಮುದ್ರ ಮೂರು ರಾತ್ರಿ ಹೊಳೆದಿತ್ತು! ಕಾರಣ ಬ್ಯಾಕ್ಟೀರಿಯಾ ಅಂತ ನಂಬಲಾಗಿದೆ. ಈ ಬ್ಯಾಕ್ಟೀರಿಯಾಗಳ ಒಂದು ಗುಣ ಕೇಳಿ. ಒಂದೆರಡಿದ್ದರೆ ಹೊಳೆಯುವುದಿಲ್ಲ. ಅವು ಒಂದು ರಾಸಾಯನಿಕ ಬಿಡುತ್ತಾ ಇರುತ್ತವೆ, ಗುಂಪು ದಟ್ಟವಾಗಿ ಆ ರಾಸಾಯನಿಕ ಒಂದು ಮಟ್ಟ ದಾಟಿದ ಮೇಲೆ ಎಲ್ಲವೂ ಒಟ್ಟಿಗೆ ಹೊತ್ತಿಕೊಳ್ಳುತ್ತವೆ. ಅಂದರೆ ಜನ ಸೇರದೆ ಸಭೆ ಶುರುವಾಗುವುದಿಲ್ಲ.

ಅಜ್ಜಿಸೊಡರಿಗೆ ನಾನು ಇವೆರಡನ್ನೂ ಕದ್ದೆ. ಹಕ್ಕಳೆಯ ಕೆಳಗೆ ಕಣ್ಣಿಗೆ ಕಾಣದ ಜೀವಿಗಳು ಕಿಕ್ಕಿರಿದಿರುತ್ತವೆ, ಗಾಳಿ ಇಲ್ಲದೆ ಮಲಗಿರುತ್ತವೆ. ಕಾಲಿಟ್ಟರೆ ಹಕ್ಕಳೆ ಬಿರಿಯುತ್ತದೆ, ಗಾಳಿ ಒಳಗೆ ಹೋಗುತ್ತದೆ, ಅವು ಹೊತ್ತಿಕೊಳ್ಳುತ್ತವೆ. ತಿರುಚಿದ್ದು ಒಂದೇ ಕಡೆ: ಒಮ್ಮೆ ಹೊತ್ತಿಕೊಂಡವು ಸಾಯುತ್ತವೆ, ಆ ಜಾಗ ಮತ್ತೆ ಹೊಳೆಯಲು ಹನ್ನೊಂದು ವರ್ಷ ಬೇಕು. ಈ ಒಂದು ತಿರುವಿನಿಂದ ಕೆರೆ ನೆನಪಿನ ಪುಸ್ತಕವಾಗಿಬಿಟ್ಟಿತು. ಹತ್ತು ವರ್ಷದ ಹಿಂದೆ ಯಾರೋ ನಡೆದ ದಾರಿ ಇವತ್ತೂ ಕಪ್ಪಾಗಿ ಉಳಿದಿರುತ್ತದೆ.

ಜೀವಿಗಳು ಬೇಡ ಅನ್ನುವವರಿಗೆ ಬೇರೆ ಬೀಜಗಳೂ ಇವೆ. ವಿದ್ಯುತ್ತಿನದು ಒಂದು: ಗುಡುಗು ಮೋಡದ ಕೆಳಗೆ ಹಡಗಿನ ಕಂಬದ ತುದಿಯಲ್ಲಿ ಕಾಣುವ ನೀಲಿ-ನೇರಳೆ ಬೆಳಕು. ಸಂತ ಎಲ್ಮೋನ ಬೆಂಕಿ ಅನ್ನುತ್ತಾರೆ, ಬುಸ್ ಅಂತ ಸದ್ದೂ ಮಾಡುತ್ತದೆ. ಬಿಸಿಲು ಕುಡಿದು ಕತ್ತಲಲ್ಲಿ ಕಕ್ಕುವ ಕಲ್ಲು ಇನ್ನೊಂದು. 1603ರ ಸುಮಾರಿಗೆ ಇಟಲಿಯ ಬೊಲೋನ್ಯಾದಲ್ಲಿ ಒಬ್ಬ ಚಮ್ಮಾರ ಚಿನ್ನ ಮಾಡಲು ಹೋಗಿ ಇಂಥ ಕಲ್ಲು ಮಾಡಿದ. 1669ರಲ್ಲಿ ಹ್ಯಾಂಬರ್ಗ್‌ನ ಹೆನ್ನಿಗ್ ಬ್ರಾಂಡ್ ಕೂಡ ಚಿನ್ನ ಹುಡುಕುತ್ತಾ ಮೂತ್ರ ಕುದಿಸಿ ಕುದಿಸಿ ಹೊಳೆಯುವ ರಂಜಕ ಕಂಡುಹಿಡಿದ. (ಚಿನ್ನದ ಆಸೆಗೂ ಬೆಳಕಿಗೂ ಏನೋ ನಂಟಿದೆ ನೋಡಿ.) ಸಕ್ಕರೆ ಹರಳನ್ನು ಕತ್ತಲಲ್ಲಿ ಜಜ್ಜಿದರೂ ಮಿಣಕ್ ಅನ್ನುತ್ತದೆ.

ಆಕಾಶದ ಬೆಳಕು ಬೇಕೆಂದರೆ ಧ್ರುವಪ್ರಭೆಯಿಂದ ಒಂದು ಪಾಠ ತಗೊಳ್ಳಿ. ಅಲ್ಲಿ ಬಣ್ಣ ಸುಮ್ನೆ ಬಣ್ಣವಲ್ಲ, ಎತ್ತರದ ಗುರುತು. ಸಾಮಾನ್ಯವಾಗಿ ಕಾಣುವ ಹಸಿರೂ ಆಮ್ಲಜನಕದ್ದೇ, 200 ಕಿಲೋಮೀಟರ್‌ಗಿಂತ ಮೇಲೆ ಕಾಣುವ ಕೆಂಪೂ ಆಮ್ಲಜನಕದ್ದೇ. ಕೆಂಪು ಬೆಳಕು ಬಿಡಲು ಪರಮಾಣುವಿಗೆ ಸುಮಾರು ಎರಡು ನಿಮಿಷ ಬೇಕು. ಕೆಳಗೆ ಗಾಳಿ ದಟ್ಟ, ಅಷ್ಟರೊಳಗೆ ಬೇರೆ ಯಾವುದಾದರೂ ಕಣ ಬಂದು ಡಿಕ್ಕಿ ಹೊಡೆದು ಆ ಬೆಳಕನ್ನು ತಪ್ಪಿಸುತ್ತದೆ. ಮೇಲೆ ಮಾತ್ರ ಪುರುಸೊತ್ತು ಇರುತ್ತದೆ. ನಿಮ್ಮ ಲೋಕದಲ್ಲೂ ಬಣ್ಣ ಏನಾದರೂ ಹೇಳಬೇಕು. ಚೆಂದಕ್ಕೆ ಅಂತ ನೇರಳೆ ಬಳಿಯಬೇಡಿ.

ನೋಡುವ ಕಣ್ಣನ್ನು ಮರೆಯಬೇಡಿ

ಬಹಳ ಜನ ಬರೆಯುವವರು ಎಡವುವುದು ಇಲ್ಲಿಯೇ. ಬೆಳಕನ್ನು ಕ್ಯಾಮೆರಾ ಕಂಡಂತೆ ಬರೆಯುತ್ತಾರೆ, ಕಣ್ಣು ಕಂಡಂತೆ ಬರೆಯುವುದಿಲ್ಲ. ಕತ್ತಲಲ್ಲಿ ನಮ್ಮ ಕಣ್ಣು ಭಾರಿ ಸುಳ್ಳುಬುರುಕ, ಮತ್ತು ಅದರ ಸುಳ್ಳುಗಳೆಲ್ಲ ನಿಮಗೆ ಪುಕ್ಕಟೆ ಸಿಗುವ ಸಾಮಗ್ರಿ.

ದೀಪದಿಂದ ಕತ್ತಲೆಗೆ ಬಂದ ಕಣ್ಣು ಪೂರ್ತಿ ಹೊಂದಿಕೊಳ್ಳಲು 20-30 ನಿಮಿಷ ಬೇಕು. ಹಾಗಾಗಿ ಮನೆಯಿಂದ ಪಂಜು ಹಿಡಿದು ಹೊರಗೆ ಓಡಿ ಬಂದವನಿಗೆ ಆ ಮಂದ ಬೆಳಕು ಕಾಣುವುದೇ ಇಲ್ಲ. ಅಲ್ಲೇ ಕತ್ತಲಲ್ಲಿ ಕೂತಿದ್ದ ಕುರಿ ಕಾಯುವವಳಿಗೆ ಚೆನ್ನಾಗಿ ಕಾಣುತ್ತಿರುತ್ತದೆ. ಇಬ್ಬರೂ ನಿಜ ಹೇಳುತ್ತಿದ್ದಾರೆ, ಆದರೂ ಜಗಳ ಗ್ಯಾರಂಟಿ. ಇನ್ನೊಂದು: ಮಂದ ಬೆಳಕು ನೋಡುವ ಜೀವಕೋಶಗಳು ಕಣ್ಣಿನ ನಟ್ಟನಡುವೆ ಇರುವುದಿಲ್ಲ, ಸುತ್ತ ಇರುತ್ತವೆ. ಅದಕ್ಕೇ ತೀರಾ ಮಸುಕಾದ ಬೆಳಕನ್ನು ನೇರ ದಿಟ್ಟಿಸಿದರೆ ಮಾಯವಾಗುತ್ತದೆ, ಪಕ್ಕಕ್ಕೆ ನೋಡಿದರೆ ಮತ್ತೆ ಕಾಣುತ್ತದೆ. ನಕ್ಷತ್ರ ನೋಡುವವರಿಗೆಲ್ಲ ಇದು ಗೊತ್ತು. "ನೋಡಿದರೆ ಅಡಗುತ್ತದೆ, ನೋಡದಿದ್ದರೆ ನಿಲ್ಲುತ್ತದೆ" ಅಂತ ನಿಮ್ಮ ಲೋಕದ ಜನ ಹೇಳಿದರೆ ಅದಕ್ಕೆ ಮಂತ್ರ ತಂತ್ರ ಬೇಕಾಗಿಲ್ಲ.

ಸುತ್ತ ಪೂರ್ತಿ ಕತ್ತಲೆ ಇದ್ದು ಒಂದೇ ಒಂದು ಚುಕ್ಕಿ ಬೆಳಕಿದ್ದರೆ, ನಿಂತಿರುವ ಚುಕ್ಕಿಯೂ ಓಡಾಡಿದಂತೆ ಕಾಣುತ್ತದೆ. ರಾತ್ರಿ ವಿಮಾನ ಹಾರಿಸುವವರಿಗೆ ಇದರ ಬಗ್ಗೆ ಎಚ್ಚರಿಕೆ ಹೇಳಿಕೊಡುತ್ತಾರೆ. ಬೆಳಕು ಕಮ್ಮಿಯಾದಂತೆ ಕೆಂಪು ಮೊದಲು ಕಪ್ಪಾಗುತ್ತದೆ, ನೀಲಿ-ಹಸಿರು ಎದ್ದು ಕಾಣುತ್ತದೆ, ಇನ್ನೂ ಕಮ್ಮಿಯಾದರೆ ಬಣ್ಣವೇ ಇರುವುದಿಲ್ಲ. ಹಾಗಾಗಿ ಅಜ್ಜಿಸೊಡರನ್ನು ದೂರದಿಂದ ಕಂಡವರು ಅದು ಬೂದಿಬಣ್ಣ ಅನ್ನುತ್ತಾರೆ, ಹತ್ತಿರದಿಂದ ಕಂಡವರು ಹಸಿರು ಅನ್ನುತ್ತಾರೆ. ನನ್ನ ಕಥೆಯ ವಿಚಾರಣೆಯೊಂದರಲ್ಲಿ ಸಾಕ್ಷಿ ಹೇಳುವ ಹುಡುಗ "ಬೂದಿಬಣ್ಣ" ಅಂತ ಬಾಯಿ ತಪ್ಪಿ ಅಂದಾಗ, ಅವನು ಕೆರೆಯ ದಂಡೆಗೆ ಹೋಗಿಯೇ ಇರಲಿಲ್ಲ ಅಂತ ಸಿಕ್ಕಿಬೀಳುತ್ತಾನೆ.

ಹಿಂಬಾಲಿಸುವ ಬೆಳಕಿಗೂ ಹೀಗೆಯೇ ಒಂದು ಗುಟ್ಟಿದೆ. ಆಸ್ಟ್ರೇಲಿಯಾದ ಬಯಲಿನ ಮಿನ್ ಮಿನ್ ಬೆಳಕು ಜನರ ಬೆನ್ನು ಹತ್ತುತ್ತದೆ, ಹತ್ತಿರ ಹೋದರೆ ಹಿಂದೆ ಸರಿಯುತ್ತದೆ ಅನ್ನುತ್ತಾರೆ. ಜ್ಯಾಕ್ ಪೆಟ್ಟಿಗ್ರೂ ಅನ್ನುವ ವಿಜ್ಞಾನಿ 2003ರಲ್ಲಿ ಇದನ್ನು ವಿವರಿಸಿದರು: ರಾತ್ರಿ ನೆಲದ ಹತ್ತಿರ ತಣ್ಣನೆಯ ಗಾಳಿ, ಅದರ ಮೇಲೆ ಬೆಚ್ಚಗಿನ ಗಾಳಿ ಕೂತಾಗ ದಿಗಂತದ ಆಚೆ ಇರುವ ದೀಪದ ಬೆಳಕೂ ಬಾಗಿ ಬಂದು ಕಣ್ಣಿಗೆ ಬೀಳುತ್ತದೆ. ತೀರಾ ದೂರದ ಬೆಳಕು ನಾವು ನಡೆದರೆ ಜೊತೆಗೆ ನಡೆದಂತೆಯೇ ಕಾಣುತ್ತದಲ್ವಾ, ಚಂದ್ರ ನಮ್ಮ ಹಿಂದೆ ಬರುವ ಹಾಗೆ. ಈಗ ಇದನ್ನು ನಿಮ್ಮ ಲೋಕಕ್ಕೆ ತನ್ನಿ. ನೂರಾರು ವರ್ಷದಿಂದ ಒಂದು ಊರಿನವರು ಪೂಜಿಸುವ ಆ "ದೇವರ ಬೆಳಕು" ದಿಗಂತದ ಆಚೆ ಇರುವ, ಅವರಿಗೆ ಗೊತ್ತೇ ಇಲ್ಲದ ಇನ್ನೊಂದು ಊರಿನ ದೀಪ ಆಗಿದ್ದರೆ? ಈ ಐಡಿಯಾ ಬೇಕಾದವರು ತಗೊಳ್ಳಿ, ನಾನು ಬರೆಯುವ ಹಾಗೆ ಕಾಣುತ್ತಿಲ್ಲ.

ಅದಕ್ಕೊಂದು ಬೆಲೆ ಇರಲಿ

ಚೆಂದದ ಬೆಳಕು ಕಂಡರೆ ಜನ ಅದನ್ನು ಮುಟ್ಟುತ್ತಾರೆ, ಮನೆಗೆ ತರುತ್ತಾರೆ, ಮಕ್ಕಳಿಗೆ ತೋರಿಸುತ್ತಾರೆ. 1987ರಲ್ಲಿ ಬ್ರೆಜಿಲ್‌ನ ಗೊಯಾನಿಯಾ ನಗರದಲ್ಲಿ ಹಾಗೆಯೇ ಆಯಿತು. ಪಾಳು ಬಿದ್ದ ಆಸ್ಪತ್ರೆ ಕಟ್ಟಡದಿಂದ ಇಬ್ಬರು ಒಂದು ಯಂತ್ರದ ಭಾಗ ಎತ್ತಿಕೊಂಡು ಹೋಗಿ ಗುಜರಿಗೆ ಮಾರಿದರು. ಒಳಗೆ ಸೀಸಿಯಂ-137 ಇತ್ತು, ಕತ್ತಲಲ್ಲಿ ನೀಲಿಯಾಗಿ ಹೊಳೆಯುವ ಪುಡಿ. ಗುಜರಿಯವರು ಅದನ್ನು ನೆಂಟರಿಷ್ಟರಿಗೆಲ್ಲ ಹಂಚಿದರು, ಕೆಲವರು ಮೈಗೆ ಹಚ್ಚಿಕೊಂಡರು. ನಾಲ್ವರು ಸತ್ತರು, 249 ಜನರಿಗೆ ಆ ವಿಕಿರಣ ಸೂಸುವ ಪುಡಿ ತಗುಲಿತ್ತು. ಅಲ್ಲಿ ಯಾರೂ ಮೂರ್ಖರಾಗಿರಲಿಲ್ಲ, ದುರಾಸೆಯವರೂ ಆಗಿರಲಿಲ್ಲ. ಚೆಂದದ್ದೊಂದು ಸಿಕ್ಕಿತು, ತಮ್ಮವರಿಗೆ ಕೊಟ್ಟರು. ಅಷ್ಟೇ. ಅಪಾಯದ ಬೆಳಕು ಬರೆಯುವಾಗ ಈ ಪ್ರೀತಿಯನ್ನು ಬಿಡಬೇಡಿ. ಕೆಂಪು ಕಣ್ಣು ಬಿಟ್ಟುಕೊಂಡು ಗುರ್ ಅನ್ನುವ ಬೆಳಕಿಗೆ ಯಾರೂ ಬಲಿಯಾಗುವುದಿಲ್ಲ, ಓಡಿಹೋಗುತ್ತಾರೆ.

ಬೆಲೆ ಅಂದರೆ ಸಾವೇ ಆಗಬೇಕಿಲ್ಲ. ಅಜ್ಜಿಸೊಡರಿನ ಬೆಲೆ ಗುಟ್ಟು. ಆ ಕೆರೆಯನ್ನು ಯಾರೂ ಕದ್ದು ದಾಟಲು ಆಗುವುದಿಲ್ಲ.

ಜನ ಅದರ ಬಗ್ಗೆ ಏನು ಮಾತಾಡುತ್ತಾರೆ?

ಬೆಳಕು ಇದ್ದಲ್ಲಿ ಹೆಸರಿರುತ್ತದೆ, ಮತ್ತು ಒಂದೇ ಹೆಸರಿರುವುದಿಲ್ಲ. ಜೌಗು ನೆಲದ ಬೆಳಕಿಗೆ ಲ್ಯಾಟಿನ್‌ನಲ್ಲಿ "ಪೆದ್ದು ಬೆಂಕಿ" ಅನ್ನುವ ಅರ್ಥದ ಹೆಸರಿದೆ. ನಮ್ಮಲ್ಲಿ ಕೊಳ್ಳಿದೆವ್ವ. ಕೊಳ್ಳಿ ಅಂದರೆ ಉರಿಯುವ ಕಟ್ಟಿಗೆ, ಹಾಗಾಗಿ ಆ ಹೆಸರು ಕೇಳಿದ ಕೂಡಲೇ ಯಾರೋ ಅದನ್ನು ಹಿಡಿದುಕೊಂಡು ನಡೆಯುತ್ತಿದ್ದಾರೆ ಅನ್ನಿಸುತ್ತದೆ. ನೋಡಿ, ಹೆಸರೇ ಅರ್ಧ ಕಥೆ ಹೇಳಿಬಿಟ್ಟಿತು. "ಪ್ರಕಾಶಮಣಿ", "ದಿವ್ಯಜ್ಯೋತಿ" ಥರದ ಹೆಸರು ಇಡಬೇಡಿ ದಯವಿಟ್ಟು. ಜನ ತಾವು ದಿನಾ ನೋಡುವ ವಸ್ತುವಿಗೆ ಸಂಸ್ಕೃತದಲ್ಲಿ ಹೆಸರಿಡುವುದಿಲ್ಲ.

ಹೆಸರಿನ ಮೇಲೆ ಕೆಲಸ. ಬಡವರು ಯಾವ ಬೆಳಕನ್ನೂ ಸುಮ್ನೆ ನೋಡಿಕೊಂಡು ಕೂರುವುದಿಲ್ಲ, ಬಳಸುತ್ತಾರೆ. 1815ರಲ್ಲಿ ಗಣಿಗೆಂದೇ ಮಾಡಿದ, ಸುರಕ್ಷಿತವಾದ ಡೇವಿ ದೀಪ ಬರುವ ಮೊದಲು ಕಲ್ಲಿದ್ದಲು ಗಣಿಯಲ್ಲಿ ಬೆಂಕಿ ಹಚ್ಚಿದರೆ ಅನಿಲ ಸಿಡಿಯುವ ಭಯವಿತ್ತು. ಅದಕ್ಕೆ ಕೆಲವು ಕಡೆ ಕೊಳೆತು ಹೊಳೆಯುವ ಮೀನಿನ ಚರ್ಮವನ್ನು ಒಳಗೆ ಒಯ್ದಿದ್ದರು! ಆ ವಾಸನೆ ಊಹಿಸಿಕೊಳ್ಳಿ. ನಿಮ್ಮ ಲೋಕದಲ್ಲಿ ಈ ಬೆಳಕಿನಿಂದ ಹೊಟ್ಟೆ ಹೊರೆಯುವವರು ಯಾರು, ಅದರಿಂದ ಹೊಟ್ಟೆ ಉರಿಯುವವರು ಯಾರು? ನನ್ನ ಕೆರೆಯಲ್ಲಿ ಉಪ್ಪು ಎತ್ತುವವರಿಗೆ ಅಜ್ಜಿಸೊಡರು ಕಂಡರೆ ಆಗುವುದಿಲ್ಲ, ಯಾಕೆಂದರೆ ಅರಮನೆಯವರು ಕೆರೆಯನ್ನು ಕಾವಲಿನ ನಾಯಿಯ ಹಾಗೆ ಬಳಸುತ್ತಾರೆ, ಹಕ್ಕಳೆ ಒಡೆದರೆ ದಂಡ ಹಾಕುತ್ತಾರೆ. ಬಿಳಿಕಂಬಳಿಯವರು ಅಂತ ಒಂದು ಪಂಥವಿದೆ, ಅವರ ಪ್ರಕಾರ ಅದು ಸತ್ತ ಅಜ್ಜಿಯರು ಮೊಮ್ಮಕ್ಕಳಿಗೆ ಹಿಡಿದ ದೀಪ. ಮದುವೆಗೆ ಮುಂಚೆ ಜೋಡಿಗಳು ಒಂದೇ ಒಂದು ಸಲ ಅದರ ಮೇಲೆ ನಡೆಯುತ್ತಾರೆ. ಹನ್ನೊಂದು ವರ್ಷ ಉಳಿಯುವ ಗುರುತು, ಅರ್ಥವಾಯಿತಲ್ಲ?

ಜನರ ವಿವರಣೆ ತಪ್ಪಾಗಿದ್ದರೂ ಪರವಾಗಿಲ್ಲ, ತಪ್ಪಾಗಿದ್ದರೇ ಒಳ್ಳೆಯದು. ಎಲ್ಮೋನ ಬೆಂಕಿ ಕಂಡ ನಾವಿಕರು ಸಂತ ಕಾಪಾಡಲು ಬಂದ ಅಂತ ಕೈಮುಗಿದರು. ನಿಜಕ್ಕೂ ಅದು ಸುತ್ತಲಿನ ವಿದ್ಯುತ್ ಬಲ ಜೋರಾಗಿದೆ, ಸಿಡಿಲು ಬಡಿಯಬಹುದು ಅನ್ನುವುದರ ಗುರುತು. ನಂಬಿಕೆಗೂ ನಿಜಕ್ಕೂ ನಡುವೆ ಇರುವ ಇಂಥ ಸಂದಿಯಲ್ಲೇ ಕಥೆ ನುಸುಳುವುದು.

ಎಷ್ಟು ಬಿಚ್ಚಿಡಬೇಕು?

ನನ್ನ ಲೆಕ್ಕ ಹೀಗೆ: ನಡವಳಿಕೆ ಪೂರ್ತಿ ತೋರಿಸಿ, ಕಾರಣ ಅರ್ಧ ತೋರಿಸಿ, ಉದ್ದೇಶ ಇದೆಯೋ ಇಲ್ಲವೋ ಅನ್ನುವುದನ್ನು ಮುಟ್ಟಲೇಬೇಡಿ. ಹಕ್ಕಳೆಯ ಕೆಳಗೆ ಜೀವಿಗಳಿವೆ ಅಂತ ನನ್ನ ಕಥೆಯಲ್ಲಿ ಯಾರಿಗೂ ಗೊತ್ತಿಲ್ಲ. ಒಬ್ಬ ಮುದುಕಿ ಮಾತ್ರ ಹಕ್ಕಳೆಯ ಚೂರನ್ನು ಬಾಯಿ ಬಿಗಿದ ಸೋರೆಬುರುಡೆಯಲ್ಲಿಟ್ಟರೆ ಹೊಳೆಯುವುದಿಲ್ಲ, ಮುಚ್ಚಳ ತೆಗೆದರೆ ಹೊಳೆಯುತ್ತದೆ ಅಂತ ಕಂಡುಕೊಂಡಿದ್ದಾಳೆ. ಅವಳು ಹೇಳುವುದು: "ಇದಕ್ಕೆ ಉಸಿರು ಬೇಕು." ಅಷ್ಟರ ಮೇಲೆ ಅವಳಿಗೂ ಗೊತ್ತಿಲ್ಲ. ಓದುಗರಿಗೆ ಗೊತ್ತಾದರೆ ಆಗಲಿ, ಬಿಡಿ.

ಬರೆದು ಮುಗಿಸಿದ ಮೇಲೆ ಒಂದು ಪರೀಕ್ಷೆ. ಬೆಳಕು ಮೊದಲ ಸಲ ಕಾಣುವ ಪುಟ ತೆಗೆದು ಹೊಳಪು, ಮಿನುಗು, ಅದ್ಭುತ, ಮಾಯಾ, ವಿಚಿತ್ರ ಅನ್ನುವ ಪದಗಳನ್ನೆಲ್ಲ ಹೊಡೆದುಹಾಕಿ. ಪುಟದಲ್ಲಿ ಇನ್ನೂ ಬೆಳಕು ಉಳಿದಿದೆಯಾ? ನನ್ನ ಹಳೆಯ ನೀಲಿ ಬೆಳಕಿನ ಪುಟಕ್ಕೆ ಹೀಗೆ ಮಾಡಿದಾಗ ಉಳಿದದ್ದು ಒಂದು ಮರ ಮತ್ತು ನಾಯಕಿಯ ಕಾಲು.

ಆಮೇಲೆ ಯಾರಿಗಾದರೂ ಓದಲು ಕೊಡಿ. ಹೊಗಳುವವರಿಗೆ ಬೇಡ, ಪ್ರಶ್ನೆ ಕೇಳುವವರಿಗೆ. ಅಜ್ಜಿಸೊಡರಿನ ಮೊದಲ ನಾಲ್ಕು ಅಧ್ಯಾಯವನ್ನು ಅದೇ ಗೆಳತಿಗೆ ಕೊಟ್ಟೆ. ಹಗಲಲ್ಲಿ ಎಲ್ಲಿರುತ್ತೆ ಅಂತ ಈ ಸಲ ಕೇಳಲಿಲ್ಲ. "ಹೆಣ ಹೊತ್ತುಕೊಂಡು ಹೋದವನ ಹೆಜ್ಜೆ ಜಾಸ್ತಿ ಹೊಳೆಯುತ್ತಾ?" ಅಂದಳು.

ನಾನು ಅದನ್ನು ಯೋಚಿಸಿಯೇ ಇರಲಿಲ್ಲ. ಭಾರ ಜಾಸ್ತಿಯಾದರೆ ಹಕ್ಕಳೆ ಆಳಕ್ಕೆ ಬಿರಿಯುತ್ತದೆ, ಗಾಳಿ ಜಾಸ್ತಿ ಹೋಗುತ್ತದೆ. ಹೌದು, ಜಾಸ್ತಿ ಹೊಳೆಯುತ್ತದೆ. ವಾಪಸ್ ಬರುವ ಹೆಜ್ಜೆ ಮಂಕಾಗಿರುತ್ತದೆ. ಐದನೇ ಅಧ್ಯಾಯ ಈಗ ಅಲ್ಲಿಂದ ಶುರುವಾಗುತ್ತದೆ.